ಆರು ವಾರ ಇದೆ, ಗೌನ್ ಇನ್ನೂ ಇಲ್ಲ

ಮದುವೆ ಗೌನ್ ಮಾರುವ ಅಂಗಡಿಗೆ ಹೋಗಿ "ಇನ್ನು ಆರು ವಾರಕ್ಕೆ ಮದುವೆ" ಅಂದರೆ ಎದುರಿಗಿದ್ದವರ ಮುಖ ಸಣ್ಣಗಾಗುತ್ತದೆ. ಸುತ್ತ ಸಾಲುಸಾಲಾಗಿ ಗೌನ್‌ಗಳು ನೇತಾಡುತ್ತಿರುತ್ತವೆ. ಆದರೂ "ಸಮಯ ಸಾಲದು" ಎಂಬ ಮಾತು ಬರುತ್ತದೆ. ಇಷ್ಟೊಂದು ಬಟ್ಟೆ ಕಣ್ಣೆದುರೇ ಇರುವಾಗ ಸಮಯ ಯಾಕೆ ಸಾಲದು?

ಅಲ್ಲಿ ನೇತಾಡುತ್ತಿರುವುದರಲ್ಲಿ ಬಹುಪಾಲು ಸ್ಯಾಂಪಲ್. ಹಾಕಿ ನೋಡಲಿಕ್ಕೆ ಇಟ್ಟದ್ದು. ಇಷ್ಟವಾದ ಮೇಲೆ ಆರ್ಡರ್ ತಯಾರಕರಿಗೆ ಹೋಗುತ್ತದೆ, ಅಲ್ಲಿ ಸರದಿಗೆ ಕಾಯುತ್ತದೆ, ಬಟ್ಟೆ ಮತ್ತು ಲೇಸ್ ಬರಬೇಕು, ಕತ್ತರಿಸಬೇಕು, ಹೊಲಿಯಬೇಕು, ಮಣಿ ಕೂರಿಸಬೇಕು, ಪ್ಯಾಕ್ ಆಗಿ ಬರಬೇಕು. ಇದಕ್ಕೆ ಸಾಮಾನ್ಯವಾಗಿ 4ರಿಂದ 6 ತಿಂಗಳು, ಕೆಲವೊಮ್ಮೆ 8. ಹೆಚ್ಚು ಹಣ ಕೊಟ್ಟು ತುರ್ತು ಆರ್ಡರ್ ಮಾಡಿದರೂ ಎರಡು ಮೂರು ತಿಂಗಳು ಹಿಡಿಯುವುದೇ ಹೆಚ್ಚು.

ಇಷ್ಟು ಕಾದು ಬಂದ ಗೌನ್ ಕೂಡ ನಿಮ್ಮ ಅಳತೆಯದ್ದಾಗಿರುವುದಿಲ್ಲ ಎಂಬುದು ಹಲವರಿಗೆ ಗೊತ್ತಿಲ್ಲ. ಅಂಗಡಿಯವರು ಅಳತೆ ತೆಗೆದುಕೊಳ್ಳುವುದು ತಯಾರಕರ ಸೈಜ್ ಪಟ್ಟಿಯಲ್ಲಿ ಹತ್ತಿರದ ಸೈಜ್ ಯಾವುದೆಂದು ನೋಡಲಿಕ್ಕೆ. ಆ ಸೈಜಿಗೆ ಹೊಲಿದು ಬಂದದ್ದನ್ನು ಮತ್ತೆ ಆಲ್ಟರ್ ಮಾಡಿಸಲೇಬೇಕು. ಅದಕ್ಕೇ ಇನ್ನೂ ಒಂದೂವರೆ ಎರಡು ತಿಂಗಳು ಬಿಟ್ಟುಕೊಳ್ಳಿ ಅನ್ನುವುದು. ಅಂದರೆ ಕಡಿಮೆ ಸಮಯ ಇರುವವರು ಮೊದಲ ಆರು ತಿಂಗಳನ್ನು ಪೂರ್ತಿ ಬಿಟ್ಟುಬಿಡಬಹುದು, ಸಿದ್ಧವಾಗಿರುವ ಗೌನ್ ಕೊಂಡರೆ ಆಯಿತು. ಬಿಡಲಾಗದ್ದು ಕೊನೆಯ ಭಾಗ, ಸೂಜಿಯ ಕೆಲಸ. ಆರು ವಾರದ ಮದುವೆಯಲ್ಲಿ ಅಭಾವ ಇರುವುದು ಗೌನಿಗಲ್ಲ, ಟೈಲರ್ ಕೈಯಲ್ಲಿ ಖಾಲಿ ಇರುವ ದಿನಗಳಿಗೆ.

ಹಾಗಾಗಿ ಮೊದಲ ಫೋನು ಅಂಗಡಿಗಲ್ಲ, ಟೈಲರಿಗೆ. ಮದುವೆ ಗೌನ್ ಆಲ್ಟರ್ ಮಾಡಿ ಅಭ್ಯಾಸ ಇರುವವರೇ ಬೇಕು. ಪ್ಯಾಂಟಿನ ಉದ್ದ ಕಡಿಮೆ ಮಾಡುವ ಕೈಗೆ ಆರು ಪದರದ ನೆಟ್ ಕೊಟ್ಟರೆ ಅವರಿಗೂ ಕಷ್ಟ, ನಿಮಗೂ ಕಷ್ಟ. ಕೇಳಬೇಕಾದ ಪ್ರಶ್ನೆಗಳು ನಾಲ್ಕು: ಯಾವ ತಾರೀಖಿಗೆ ಮೊದಲ ಟ್ರಯಲ್ ಕೊಡುತ್ತೀರಿ, ಮಣಿ ಕೆಲಸದ ಬಟ್ಟೆ ಮುಟ್ಟುತ್ತೀರಾ, ಲೇಸ್ ಅಂಚು ಬಿಚ್ಚಿ ಮತ್ತೆ ಕೂರಿಸುತ್ತೀರಾ, ಬೇರೆ ಕಡೆ ಕೊಂಡ ಗೌನ್ ತೆಗೆದುಕೊಳ್ಳುತ್ತೀರಾ. ಈ ಕೊನೆಯದನ್ನು ಕೇಳದೆ ಬಿಟ್ಟು ಪೇಚಿಗೆ ಸಿಕ್ಕವರು ಬಹಳ. ಕೆಲವು ಅಂಗಡಿಗಳ ಟೈಲರ್‌ಗಳು ತಮ್ಮಲ್ಲಿ ಮಾರಿದ್ದನ್ನು ಬಿಟ್ಟು ಬೇರೆ ಮುಟ್ಟುವುದಿಲ್ಲ.

ಆಮೇಲೆ ಮದುವೆಯ ದಿನದಿಂದ ಹಿಂದಕ್ಕೆ ಎಣಿಸುತ್ತ ಬನ್ನಿ. ಗೌನ್ ಮನೆಗೆ ಬರಬೇಕಾದದ್ದು ಐದಾರು ದಿನ ಮುಂಚೆ. ಕೊನೆಯ ಟ್ರಯಲ್ ಹತ್ತು ಹನ್ನೆರಡು ದಿನ ಮುಂಚೆ, ಯಾಕೆಂದರೆ ಅಲ್ಲಿ ಏನಾದರೂ ಸಣ್ಣದು ಉಳಿದೇ ಉಳಿಯುತ್ತದೆ. ಮೊದಲ ಟ್ರಯಲ್ ಅದಕ್ಕಿಂತ ಎರಡೂವರೆ ವಾರ ಹಿಂದೆ. 42 ದಿನದಲ್ಲಿ ಇಷ್ಟನ್ನು ಕಳೆದರೆ ಗೌನ್ ಹುಡುಕಲಿಕ್ಕೆ ಉಳಿಯುವುದು ಸುಮಾರು 12 ದಿನ. ಈ ಲೆಕ್ಕ ಹಾಕದೆ ಹೊರಟವರು ನಾಲ್ಕು ವಾರ ಹುಡುಕಿ, ಎರಡು ವಾರ ಇರುವಾಗ ಟೈಲರ್ ಮುಂದೆ ನಿಲ್ಲುತ್ತಾರೆ.

ಹುಡುಕುವ ಜಾಗಗಳನ್ನು ಹೇಳಿಬಿಡೋಣ. ಗೌನ್ ಅಂಗಡಿಯಲ್ಲಿ ಬಾಯಿ ತೆರೆಯುವ ಮೊದಲೇ ತಾರೀಖು ಹೇಳಿ, "ಇವತ್ತೇ ತೆಗೆದುಕೊಂಡು ಹೋಗುವಂಥದ್ದು ಮಾತ್ರ ತೋರಿಸಿ" ಅನ್ನಿ. ಆರ್ಡರ್ ಮಾಡಬೇಕಾದದ್ದನ್ನು ಹಾಕಿ ನೋಡಿದರೆ ಮನಸ್ಸು ಅದರ ಮೇಲೇ ಕೂತುಬಿಡುತ್ತದೆ, ಆಮೇಲೆ ಬೇರೆ ಯಾವುದೂ ಚೆನ್ನಾಗಿ ಕಾಣುವುದಿಲ್ಲ. ಸ್ಯಾಂಪಲ್ ಮಾರುತ್ತೀರಾ ಎಂದು ಕೇಳಿ. ಹಳೆಯ ವಿನ್ಯಾಸ ನಿಲ್ಲಿಸುವಾಗ ಅಂಗಡಿಯವರು ಮಾರುತ್ತಾರೆ. ತಯಾರಕರ ಗೋದಾಮಿನಲ್ಲಿ ಸಿದ್ಧ ಸ್ಟಾಕ್ ಇದೆಯೇ, ಅದೇ ಗೌನ್ ಇನ್ನೊಂದು ಅಂಗಡಿಯಲ್ಲಿ ನಿಮ್ಮ ಸೈಜಿನಲ್ಲಿ ಇದೆಯೇ ಎಂದು ವಿಚಾರಿಸಲು ಹೇಳಿ. ನೀವಾಗಿ ಕೇಳದಿದ್ದರೆ ಅವರು ಈ ಫೋನು ಮಾಡುವುದು ಅಪರೂಪ. ಒಮ್ಮೆ ತೊಟ್ಟ ಗೌನ್, ಬಾಡಿಗೆ ಗೌನ್, ಇವೂ ಲೆಕ್ಕಕ್ಕೆ ಬರಲಿ. ಬಾಡಿಗೆಯದ್ದನ್ನು ಕತ್ತರಿಸಲು ಬಿಡುವುದಿಲ್ಲ, ತಾತ್ಕಾಲಿಕ ಹೊಲಿಗೆಯಷ್ಟೇ. ಆದ್ದರಿಂದ ಉದ್ದ ಸರಿಯಾಗಿರುವವರಿಗೆ ಅದು ಒಗ್ಗುತ್ತದೆ.

ವಧುವಿನ ಗೆಳತಿಯರಿಗೆಂದು ಮಾಡಿದ ಉದ್ದ ಗೌನುಗಳ ಸಾಲನ್ನೂ ಸಂಜೆ ಸಮಾರಂಭದ ಗೌನುಗಳನ್ನೂ ಯಾರೂ ನೋಡುವುದಿಲ್ಲ. ತಿಳಿಬಣ್ಣದಲ್ಲಿ, ಸಿದ್ಧ ಸೈಜಿನಲ್ಲಿ, ಸರಳ ಹೊಲಿಗೆಯಲ್ಲಿ ಒಳ್ಳೆಯವು ಸಿಗುವುದು ಅಲ್ಲೇ. ಬಿಳಿಯೇ ಬೇಕೆಂಬ ಹಟವೂ ಅಷ್ಟೇನೂ ಹಳೆಯದಲ್ಲ. ವಿಕ್ಟೋರಿಯಾ ರಾಣಿ 1840ರ ಫೆಬ್ರವರಿ 10ರಂದು ಬಿಳಿ ಸ್ಯಾಟಿನ್ ತೊಟ್ಟು ಮದುವೆಯಾದ ಮೇಲೆ ಅದು ನಿಧಾನವಾಗಿ ರೂಢಿಯಾಯಿತು. ಅದಕ್ಕೂ ಹಿಂದೆ ಯುರೋಪಿನ ಹೆಣ್ಣುಮಕ್ಕಳು ತಮ್ಮಲ್ಲಿದ್ದ ಒಳ್ಳೆಯ ಬಟ್ಟೆ ಯಾವ ಬಣ್ಣದ್ದೋ ಅದನ್ನೇ ತೊಟ್ಟು ಮದುವೆಯಾಗುತ್ತಿದ್ದರು.

ಸೈಜಿನ ಅಂಕಿ ನೋಡಿ ಎದೆ ಒಡೆದುಕೊಳ್ಳಬೇಡಿ. ಮದುವೆ ಗೌನಿನ ಸೈಜುಗಳು ದಿನಬಳಕೆಯ ಬಟ್ಟೆಗಿಂತ ಚಿಕ್ಕದಾಗಿ ಓಡುತ್ತವೆ, ಒಂದೆರಡು ಅಂಕಿ ಮೇಲಿನದ್ದು ಬೇಕಾಗುವುದು ಮಾಮೂಲು. ಎದೆ, ಸೊಂಟ, ನಿತಂಬ ಮೂರರಲ್ಲಿ ಯಾವುದು ದೊಡ್ಡ ಸೈಜಿಗೆ ಬೀಳುತ್ತದೋ ಆ ಸೈಜ್ ಕೊಳ್ಳಿ, ಉಳಿದ ಕಡೆ ಟೈಲರ್ ಹಿಡಿದು ಚಿಕ್ಕದು ಮಾಡುತ್ತಾರೆ. ಇನ್ನು ಅಂಗಡಿಯಲ್ಲಿ ಹಾಕಿ ನೋಡುವಾಗ ಬೆನ್ನ ಹಿಂದೆ ದೊಡ್ಡ ಕ್ಲಿಪ್‌ಗಳಿಂದ ಬಿಗಿದಿರುತ್ತಾರೆ, ಮುಂದಿನಿಂದ ಅಚ್ಚು ಹೊಡೆದಂತೆ ಕಾಣುತ್ತದೆ. ಕ್ಲಿಪ್ ತೆಗೆಸಿ ಇನ್ನೊಮ್ಮೆ ನೋಡಿ. ಎಷ್ಟು ಹಿಡಿಯಬೇಕು ಎನ್ನುವುದು ಆಗಲೇ ತಿಳಿಯುವುದು.

ಇಲ್ಲಿಂದ ಮುಂದೆ ಒಂದು ಅಭ್ಯಾಸ ಬೇಕು. ಇಷ್ಟವಾದ ಗೌನನ್ನು ತೆಗೆದು, ಒಳಗನ್ನು ಹೊರಗೆ ಮಾಡಿ, ಬೆಳಕಿಗೆ ಹಿಡಿಯಬೇಕು. ಕಡಿಮೆ ಸಮಯದಲ್ಲಿ ಕೊಳ್ಳುವವರು ಗೌನನ್ನು ಓದಬೇಕಾದದ್ದು ಒಳಗಿನಿಂದ.

ಮೊದಲು ಪಕ್ಕದ ಹೊಲಿಗೆ. ಒಳಗೆ ಮಾರ್ಜಿನ್, ಅಂದರೆ ಹೊಲಿಗೆಯಾಚೆ ಉಳಿಸಿದ ಬಟ್ಟೆ, ಎಷ್ಟು ಬಿಟ್ಟಿದ್ದಾರೆ? ಲೆಕ್ಕ ಸರಳ. ಪ್ರತಿ ಪಕ್ಕದಲ್ಲಿ ಎರಡು ತುಂಡು ಬಟ್ಟೆ ಸೇರುತ್ತವೆ, ಎರಡು ಪಕ್ಕಕ್ಕೆ ನಾಲ್ಕು ಅಂಚು. ಪ್ರತಿ ಅಂಚಿನಲ್ಲಿ ಒಂದು ಇಂಚು ಮಾರ್ಜಿನ್ ಇದ್ದರೆ, ಹೊಲಿಗೆ ನಿಲ್ಲಲಿಕ್ಕೆ ಅರ್ಧ ಇಂಚು ಉಳಿಸಿ ಇನ್ನರ್ಧ ಬಿಡಬಹುದು. ಒಟ್ಟು ಸುತ್ತಳತೆಯಲ್ಲಿ ಸಿಗುವುದು ಎರಡು ಇಂಚು. ಮಾರ್ಜಿನ್ ಅರ್ಧ ಇಂಚೇ ಇದ್ದರೆ ಸಿಗುವುದು ಸೊನ್ನೆ. ಒಳಗಿನ ಲೈನಿಂಗಿನಲ್ಲೂ ಅಷ್ಟೇ ಮಾರ್ಜಿನ್ ಇರಬೇಕು, ಇಲ್ಲದಿದ್ದರೆ ಹೊರಗೆ ಸಡಿಲ ಬಿಟ್ಟು ಪ್ರಯೋಜನವಿಲ್ಲ. ಸ್ಯಾಟಿನ್ ಆದರೆ ಹಳೆಯ ಹೊಲಿಗೆ ಬಿಚ್ಚಿದ ಜಾಗದಲ್ಲಿ ಸೂಜಿ ತೂತಿನ ಗೆರೆ ಉಳಿಯುತ್ತದೆ, ಇಸ್ತ್ರಿ ಹಾಕಿದರೂ ಹೋಗುವುದಿಲ್ಲ. ಈ ಕಾರಣಕ್ಕೇ ಸಂದೇಹ ಬಂದರೆ ದೊಡ್ಡದನ್ನೇ ಕೊಳ್ಳಿ ಅನ್ನುವುದು. ಹಿಡಿಯಲು ಬಟ್ಟೆ ಇರುತ್ತದೆ, ಬಿಡಲು ಇರುವುದಿಲ್ಲ.

ಹಿಡಿಯುವುದಕ್ಕೂ ಮಿತಿ ಇದೆ. ಎರಡು ಸೈಜ್ ತನಕ ಪಕ್ಕದಲ್ಲೇ ಹಿಡಿಯಬಹುದು. ಅದರಾಚೆ ಹೋದರೆ ಎದೆಯ ಕಪ್‌ಗಳು ಕಂಕುಳ ಕಡೆ ಸರಿಯುತ್ತವೆ, ಮುಂದಿನ ಉದ್ದ ಹೊಲಿಗೆಗಳು ಜಾಗ ಬಿಟ್ಟು ಓಡುತ್ತವೆ, ತೋಳಿನ ಸುತ್ತು ಕೆಡುತ್ತದೆ, ಲೇಸಿನ ಹೂ ಪಕ್ಕದಲ್ಲಿ ಅರ್ಧಕ್ಕೆ ಕತ್ತರಿಸಿ ಹೋಗುತ್ತದೆ. ಅಲ್ಲಿಂದ ಮುಂದಿನದು ಆಲ್ಟ್ರೇಷನ್ ಅಲ್ಲ, ಬಿಚ್ಚಿ ಹೊಸದಾಗಿ ಹೊಲಿಯುವುದು. ಆರು ವಾರದಲ್ಲಿ ಅದಕ್ಕೆ ಕೈ ಹಾಕುವವರು ಸಿಕ್ಕರೆ ಪುಣ್ಯ.

ಚಿಕ್ಕದಾಗಿ ಬಿದ್ದ ಗೌನಿಗೂ ಒಂದು ದಾರಿ ಇದೆ. ಬೆನ್ನಿನ ಜಿಪ್ ತೆಗೆದು, ಎರಡೂ ಕಡೆ ಬಟ್ಟೆಯ ಕುಣಿಕೆಗಳನ್ನು ಹೊಲಿದು, ದಾರ ಪೋಣಿಸಿ ಕಟ್ಟುವ ಬೆನ್ನು ಮಾಡುವುದು. ಎರಡು ಮೂರು ಇಂಚು ನೆಮ್ಮದಿಯಾಗಿ ಸಿಗುತ್ತದೆ. ಕುಣಿಕೆಗಳ ಹಿಂದೆ ಮೈ ಕಾಣದಂತೆ ಒಂದು ಪಟ್ಟಿ ಬಟ್ಟೆ ಬೇಕು. ಉದ್ದ ಕತ್ತರಿಸಿದಾಗ ಉಳಿಯುವ ತುಂಡೇ ಅದಕ್ಕೆ ಒದಗುತ್ತದೆ, ಬಣ್ಣ ಹೊಂದಿಸುವ ತಲೆನೋವಿಲ್ಲ. ಆದ್ದರಿಂದ ಕತ್ತರಿಸಿದ ಯಾವ ಚೂರನ್ನೂ ಎಸೆಯಬೇಡಿ ಎಂದು ಟೈಲರಿಗೆ ಮೊದಲ ದಿನವೇ ಹೇಳಿಡಿ. ಲಂಗ, ಅಂದರೆ ಗೌನಿನ ಸೊಂಟದ ಕೆಳಗಿನ ಭಾಗ, ಭಾರವಾಗಿದ್ದರೆ ಈ ಕಟ್ಟುವ ಬೆನ್ನು ಜಿಪ್‌ಗಿಂತ ಗಟ್ಟಿ ಕೂಡ. ಜಿಪ್ ಕೈಕೊಡುವುದು ಸಾಮಾನ್ಯವಾಗಿ ಸೊಂಟದ ಜಾಗದಲ್ಲಿ. ಅಲ್ಲಿ ಅಡ್ಡ ಹೊಲಿಗೆ ದಪ್ಪವಿರುತ್ತದೆ, ಎಳೆತವೂ ಅಲ್ಲೇ ಜಾಸ್ತಿ.

ತೋಳಿಲ್ಲದ, ಪಟ್ಟಿಯಿಲ್ಲದ ಗೌನ್ ಕೆಳಗೆ ಜಾರುತ್ತದೆ ಎಂದು ಎದೆಯ ಜಾಗದಲ್ಲಿ ಬಿಗಿ ಮಾಡಿಸುವುದು ಎಲ್ಲರೂ ಮಾಡುವ ತಪ್ಪು. ಆ ಬಗೆಯ ಗೌನ್ ನಿಲ್ಲಬೇಕಾದದ್ದು ಸೊಂಟದ ಮೇಲೆ. ಒಳಗೆ ಸೊಂಟದ ಮಟ್ಟದಲ್ಲಿ ಗಡುಸು ರಿಬ್ಬನ್ನಿನ ಪಟ್ಟಿಯೊಂದನ್ನು ಹೊಲಿದು, ಹಿಂದೆ ಕೊಕ್ಕೆ ಹಾಕುವಂತೆ ಮಾಡಿದರೆ ಲಂಗದ ಭಾರವೆಲ್ಲ ಅದರ ಮೇಲೆ ಕೂರುತ್ತದೆ. ಸಣ್ಣ ಕೆಲಸ, ಆದರೆ ದಿನವಿಡೀ ಗೌನ್ ಮೇಲೆಳೆದುಕೊಳ್ಳುವ ಗೋಳು ಅಲ್ಲಿಗೆ ಮುಗಿಯುತ್ತದೆ.

ಇನ್ನು ಮಣಿ. ಹೊಲಿಗೆಯ ಮೇಲೆ ಹಾದುಹೋಗುವಂತೆ ಮಣಿ ಕೂರಿಸಿದ್ದರೆ ಟೈಲರ್ ಮೊದಲು ಆ ಜಾಗದ ಮಣಿಗಳನ್ನು ಬಿಚ್ಚಬೇಕು, ಹೊಲಿಯಬೇಕು, ಮತ್ತೆ ಕೈಯಿಂದಲೇ ಕೂರಿಸಬೇಕು. ಮಣಿಯ ಮೇಲೆ ಮಷೀನು ಓಡಿಸಿದರೆ ಸೂಜಿ ಮುರಿಯುತ್ತದೆ. ಒಂದು ಗಂಟೆಯ ಕೆಲಸ ಒಂದು ದಿನ ಹಿಡಿಯುವುದು ಹೀಗೆ. ಮಣಿ ಎದೆಯ ನಡುವೆ ಮಾತ್ರ ಇದ್ದು ಪಕ್ಕಗಳು ಬರಿದಾಗಿದ್ದರೆ ಆ ಗೌನ್ ಕಡಿಮೆ ಸಮಯದವರ ಗೆಳೆಯ.

ಸ್ಯಾಂಪಲ್ ಆದರೆ ಇನ್ನೂ ಕೆಲವು ಜಾಗ ನೋಡಿ: ಕೊರಳಂಚಿನಲ್ಲಿ ಮೇಕಪ್ ಕಲೆ, ಎಳೆದು ಎಳೆದು ಜೋತ ಭುಜದ ಪಟ್ಟಿ, ನೆಲ ಗುಡಿಸಿ ಕಪ್ಪಾದ ಅಂಚು, ಉದುರಿದ ಮಣಿ, ಕಂಕುಳಲ್ಲಿ ಹಿಂಜಿದ ನೆಟ್. ಅಂಚಿನ ಕಪ್ಪು ಉದ್ದ ಕತ್ತರಿಸುವಾಗ ಹೇಗೂ ಹೋಗುತ್ತದೆ. ಕೊರಳಿನದು ಹೋಗದಿರಬಹುದು, ಡ್ರೈಕ್ಲೀನಿಗೂ ದಿನಗಳು ಬೇಕು. ಆ ದಿನಗಳನ್ನೂ 42ರಲ್ಲಿ ಕಳೆಯಿರಿ. ಕ್ಲೀನಿಂಗ್ ಆಗಬೇಕಾದದ್ದು ಆಲ್ಟರ್ ಆಗುವ ಮುಂಚೆ. ಒಳಗಿನ ಬಟ್ಟೆ ಕುಗ್ಗಿದರೆ ಅಳತೆಯೆಲ್ಲ ಮತ್ತೆ ಮೊದಲಿನಿಂದ.

ಬಟ್ಟೆಯ ಗುಣವೂ ದಿನಗಳ ಲೆಕ್ಕವನ್ನು ಬದಲಿಸುತ್ತದೆ. ನೆಟ್ ತುಂಬ ಸಹನೆಯ ಬಟ್ಟೆ, ನೂಲು ಬಿಡುವುದಿಲ್ಲವಾದ್ದರಿಂದ ಅಂಚನ್ನು ಕತ್ತರಿಯಿಂದ ನೇರ ಕತ್ತರಿಸಿ ಬಿಟ್ಟರೂ ನಡೆಯುತ್ತದೆ. ಶಿಫಾನ್ ಜಾರುತ್ತದೆ, ಅದರ ಅಂಚನ್ನು ಸಣ್ಣಗೆ ಸುತ್ತಿ ಹೊಲಿಯುವುದು ನಿಧಾನ. ಕ್ರೇಪ್ ನೋಡಲು ಸರಳ, ಆದರೆ ಏನನ್ನೂ ಮುಚ್ಚಿಡುವುದಿಲ್ಲ: ಒಳ ಉಡುಪಿನ ಗೆರೆ, ವಕ್ರ ಹೊಲಿಗೆ, ಅರ್ಧ ಇಂಚಿನ ಬಿಗಿ ಎಲ್ಲವೂ ಹೊರಗೆ ಕಾಣುತ್ತದೆ. ಹೂವಿನ ಲೇಸ್ ಇದಕ್ಕೆ ತದ್ವಿರುದ್ಧ, ಟೈಲರ್ ಮಾಡಿದ ಸಣ್ಣ ತಪ್ಪನ್ನು ಒಂದು ಹೂವಿನ ಕೆಳಗೆ ಅಡಗಿಸಿಕೊಳ್ಳುತ್ತದೆ. ಎಳೆಗೆ ಓರೆಯಾಗಿ ಕತ್ತರಿಸಿದ ಜೋಲು ಗೌನುಗಳನ್ನು ಒಂದೆರಡು ದಿನ ನೇತುಹಾಕಿ, ಅದು ಎಷ್ಟು ಇಳಿಯುತ್ತದೋ ಇಳಿದ ಮೇಲೆಯೇ ಉದ್ದ ಗುರುತಿಸಬೇಕು. ಟಾಫೆಟಾ ಎಂಬ ಗರಿಗರಿ ಬಟ್ಟೆ ಮುದುಡಿದರೆ ಮುದುಡಿದ್ದೇ. 1981ರ ಜುಲೈ 29ರಂದು ಬ್ರಿಟನ್ನಿನ ರಾಜಕುಮಾರಿ ಡಯಾನಾ ತಮ್ಮ ಮದುವೆಗೆ ಗಾಜಿನ ಸಾರೋಟಿನಿಂದ ಇಳಿದಾಗ, ಹಿಂದೆ ನೆಲದ ಮೇಲೆ ಎಳೆದುಬರುವ 25 ಅಡಿ ಉದ್ದದ ಬಾಲವಿದ್ದ ಟಾಫೆಟಾ ಗೌನ್ ಎಷ್ಟು ಮುದುಡಿತ್ತೆಂಬುದನ್ನು ಲೋಕವೇ ನೋಡಿದೆ. ಕಾರಿನಲ್ಲಿ ದೂರ ಹೋಗಬೇಕಾದವರಿಗೆ ನಾವಂತೂ ಟಾಫೆಟಾ ಹೇಳುವುದಿಲ್ಲ.

ಉದ್ದದ ವಿಷಯಕ್ಕೆ ಬಂದರೆ, ಶೂ ಕೊಳ್ಳದೆ ಮೊದಲ ಟ್ರಯಲಿಗೆ ಹೋಗುವುದು ಒಂದು ಟ್ರಯಲ್ ವ್ಯರ್ಥ ಮಾಡಿದ ಹಾಗೆ. ಅಂದು ತೊಡುವ ಅದೇ ಶೂ, ಅದೇ ಒಳ ಉಡುಪು, ಒಳಲಂಗವಿದ್ದರೆ ಅದೂ ಜೊತೆಗಿರಬೇಕು. ಮುಂದಿನ ಅಂಚು ನೆಲದಿಂದ ಅರ್ಧದಿಂದ ಒಂದು ಇಂಚು ಮೇಲಿದ್ದರೆ ನಡೆಯುವಾಗ ಕಾಲಿಗೆ ಸಿಗುವುದಿಲ್ಲ. ಟೈಲರ್ ಪಿನ್ ಚುಚ್ಚುವಾಗ ಕೆಳಗೆ ಬಗ್ಗಿ ನೋಡಬೇಡಿ. ತಲೆ ಬಗ್ಗಿದರೆ ಮೈ ಮುಂದೆ ಬಾಗುತ್ತದೆ, ಮುಂದಿನ ಅಂಚು ಇಳಿಯುತ್ತದೆ, ಆ ಗುರುತು ತಪ್ಪಾಗುತ್ತದೆ. ನೇರ ಕನ್ನಡಿ ನೋಡುತ್ತ ನಿಲ್ಲಿ. ಪಿನ್ ಹಾಕಿದ ಮೇಲೆ ಕುಳಿತು ನೋಡಿ, ಕೈ ಮೇಲೆತ್ತಿ, ಯಾರನ್ನಾದರೂ ತಬ್ಬಿಕೊಳ್ಳಿ, ನಾಲ್ಕು ಮೆಟ್ಟಿಲು ಹತ್ತಿ. ನಿಂತಾಗ ಸರಿ ಇದ್ದ ಸೊಂಟ ಕುಳಿತಾಗ ಹಿಗ್ಗುತ್ತದೆ, ಊಟಕ್ಕೆ ಕೂತಾಗ ಇನ್ನಷ್ಟು.

ಅಂಚಿನಲ್ಲೇ ಲೇಸ್ ಇರುವ ಗೌನ್ ಉದ್ದವಾಗಿದ್ದರೆ ಕೆಳಗಿನಿಂದ ಕತ್ತರಿಸಲಾಗದು. ಒಂದೋ ಲೇಸ್ ಬಿಚ್ಚಿ ಮೇಲೆ ಸರಿಸಿ ಕೈಯಲ್ಲಿ ಕೂರಿಸಬೇಕು, ಇಲ್ಲವೇ ಸೊಂಟದಲ್ಲಿ ಬಿಚ್ಚಿ ಲಂಗವನ್ನು ಮೇಲೆತ್ತಬೇಕು. ಎರಡೂ ದುಡ್ಡಿನ ಕೆಲಸ, ಎರಡೂ ದಿನ ತಿನ್ನುತ್ತವೆ. ಎತ್ತರ ಕಡಿಮೆ ಇರುವವರು ಆರು ವಾರದಲ್ಲಿ ಲೇಸ್ ಅಂಚಿನ ಗೌನನ್ನು ದೂರದಿಂದಲೇ ಮೆಚ್ಚಿಕೊಂಡು ಮುಂದೆ ನಡೆದರೆ ಒಳ್ಳೆಯದು.

ಹಿಂದೆ ನೆಲದ ಮೇಲೆ ಬರುವ ಬಾಲವನ್ನು ಊಟ, ಕುಣಿತದ ಹೊತ್ತಿಗೆ ಎತ್ತಿ ಕಟ್ಟಲು ಒಂದು ವ್ಯವಸ್ಥೆ ಬೇಕು, ಅದನ್ನು ಮರೆಯುವವರೇ ಹೆಚ್ಚು. ಹೊರಗಡೆ ಗುಂಡಿ ಹಾಕಿ ಎತ್ತುವುದು ಒಂದು ಬಗೆ, ಒಳಗಡೆ ರಿಬ್ಬನ್ ಕಟ್ಟಿ ಮಡಿಸುವುದು ಇನ್ನೊಂದು. ಭಾರದ ಬಾಲಕ್ಕೆ ಒಂದೇ ಗುಂಡಿ ಸಾಲದು. ಗುಂಡಿಯ ಹಿಂದೆ ತೆಳು ನೆಟ್ ಒಂದೇ ಇದ್ದರೆ ಯಾರಾದರೂ ಬಾಲ ತುಳಿದ ಕೂಡಲೇ ಗುಂಡಿ ನೆಟ್ಟನ್ನು ಹರಿದುಕೊಂಡೇ ಬರುತ್ತದೆ. ಹಿಂದೆ ಒಂದು ಚೂರು ಗಟ್ಟಿ ಬಟ್ಟೆ ಕೊಟ್ಟು ಹೊಲಿಯಲು ಹೇಳಿ. ಒಳಗಿನ ರಿಬ್ಬನ್ ಆದರೆ ಪ್ರತಿ ಜೋಡಿಗೂ ಬೇರೆ ಬಣ್ಣ ಇರಲಿ, ಕೆಂಪು ಕೆಂಪಿಗೆ, ನೀಲಿ ನೀಲಿಗೆ. ಅಂದು ಅದನ್ನು ಕಟ್ಟುವವರು ಕೊನೆಯ ಟ್ರಯಲಿಗೆ ಬಂದು, ತಮ್ಮ ಕೈಯಾರೆ ಒಮ್ಮೆ ಕಟ್ಟಿ, ಫೋನಿನಲ್ಲಿ ವಿಡಿಯೋ ಮಾಡಿಕೊಳ್ಳಲಿ.

ಆನ್‌ಲೈನಿನಲ್ಲಿ ಕೊಳ್ಳುವವರು ಎರಡು ಸಮಯವನ್ನು ಕೂಡಿಸಬೇಕು. "ಸಾಗಣೆ 5 ದಿನ" ಎಂದು ದಪ್ಪಕ್ಷರದಲ್ಲಿ ಬರೆದು, "ತಯಾರಿಗೆ 30 ದಿನ" ಎಂಬುದನ್ನು ಕೆಳಗೆಲ್ಲೋ ಸಣ್ಣದಾಗಿ ಬರೆದಿರುತ್ತಾರೆ. ವಾಪಸಾತಿಯ ದಿನಗಳು ಕೈಗೆ ತಲುಪಿದ ದಿನದಿಂದಲೋ ಕಳಿಸಿದ ದಿನದಿಂದಲೋ ಓದಿ. ಅಳತೆ ಕೊಟ್ಟು ಹೊಲಿಸಿದ್ದನ್ನು ಹೆಚ್ಚಿನವರು ವಾಪಸ್ ತೆಗೆದುಕೊಳ್ಳುವುದಿಲ್ಲ. ಹೆಸರಾಂತ ವಿನ್ಯಾಸದ ಅದೇ ಫೋಟೋ ಗುರುತಿಲ್ಲದ ತಾಣದಲ್ಲಿ ನಂಬಲಾಗದಷ್ಟು ಅಗ್ಗಕ್ಕೆ ಕಂಡರೆ ಫೋಟೋ ಕದ್ದದ್ದು ಎಂದೇ ತಿಳಿಯಿರಿ, ಬರುವ ಗೌನ್ ಬೇರೆಯದೇ ಆಗಿರುತ್ತದೆ. ಸಿದ್ಧ ಸೈಜಿನದ್ದನ್ನು, ವಾಪಸ್ ಮಾಡಬಹುದಾದ ಕಡೆ, ಎರಡು ಸೈಜ್ ಒಟ್ಟಿಗೆ ತರಿಸಿ ಒಂದನ್ನು ಹಿಂದಿರುಗಿಸುವುದು ಈ ತುರ್ತಿನಲ್ಲಿ ಜಾಣತನ. ಬಂದ ದಿನವೇ ಹಾಕಿ ನೋಡಿ, ಚೀಟಿ ಕೀಳಬೇಡಿ. ಮುಸುಕು ಬೇರೆ ಕಡೆಯಿಂದ ತರಿಸಿದ್ದರೆ ಕಿಟಕಿಯ ಹಗಲು ಬೆಳಕಿನಲ್ಲಿ ಎರಡನ್ನೂ ಪಕ್ಕಪಕ್ಕ ಹಿಡಿಯಿರಿ. ಅಚ್ಚ ಬಿಳಿಯ ಪಕ್ಕದಲ್ಲಿ ದಂತದ ಬಣ್ಣ ಕೊಳೆಯಾದಂತೆ ಕಾಣುತ್ತದೆ.

ಆರು ವಾರದಲ್ಲಿ ಹೊಸದಾಗಿಯೇ ಹೊಲಿಸಬಹುದೇ? ಟೈಲರ್ ಒಪ್ಪಿದರೆ ಆಗುತ್ತದೆ. ಜಾಕ್ವೆಲಿನ್ ಬೋವಿಯರ್ ಮತ್ತು ಮುಂದೆ ಅಮೆರಿಕದ ಅಧ್ಯಕ್ಷರಾದ ಜಾನ್ ಕೆನಡಿಯವರ ಮದುವೆ 1953ರ ಸೆಪ್ಟೆಂಬರ್ 12ಕ್ಕೆ. ಗೌನ್ ಹೊಲಿದ ಆ್ಯನ್ ಲೋ ಅವರ ಕೆಲಸದ ಕೋಣೆಯಲ್ಲಿ ಸುಮಾರು ಹತ್ತು ದಿನ ಮುಂಚೆ ನೀರಿನ ಪೈಪ್ ಒಡೆದು, ವಧುವಿನ ಗೌನೂ ಗೆಳತಿಯರ ಹಲವು ಉಡುಪುಗಳೂ ಹಾಳಾದವು. ಅವರು ಮತ್ತೆ ಬಟ್ಟೆ ತಂದು, ಹಗಲು ರಾತ್ರಿ ಕೂತು, ಆ ದಿನಗಳಲ್ಲೇ ಎಲ್ಲವನ್ನೂ ಪುನಃ ಹೊಲಿದು ಕೊಟ್ಟರು. ಅದು ದೊಡ್ಡ ಕೈ, ನಿಜ. ಆದರೆ ಏನು ಹೊಲಿಯಬೇಕು, ಯಾವ ಅಳತೆಗೆ ಎಂಬುದೆಲ್ಲ ಅಷ್ಟರಲ್ಲಿ ತೀರ್ಮಾನವಾಗಿತ್ತು ಎನ್ನುವುದನ್ನೂ ಮರೆಯಬಾರದು. ಹೊಲಿಸುವಾಗ ದಿನಗಳನ್ನು ನುಂಗುವುದು ಹೊಲಿಗೆಗಿಂತ ಹೆಚ್ಚಾಗಿ "ಕತ್ತು ಹೀಗಿರಲಾ, ಹಾಗಿರಲಾ". ಹೊಲಿಸುವವರು ಮೊದಲ ದಿನವೇ ಒಂದು ವಿನ್ಯಾಸಕ್ಕೆ ನಿಲ್ಲಲಿ: ಕೆಳಗೆ ಹದವಾಗಿ ಅಗಲವಾಗುವ ಲಂಗ, ಕ್ರೇಪ್ ಅಥವಾ ದಪ್ಪ ಸ್ಯಾಟಿನ್, ಕಡಿಮೆ ಜೋಡಣೆ. ಬಟ್ಟೆ ಐದಾರು ಮೀಟರ್, ಲೈನಿಂಗೂ ಹೆಚ್ಚುಕಡಿಮೆ ಅಷ್ಟೇ, ಎಲ್ಲವನ್ನೂ ಒಂದೇ ಥಾನಿನಿಂದ ಒಟ್ಟಿಗೆ ಕತ್ತರಿಸಿ ತನ್ನಿ. ಸಾಲದೆ ಬಂದು ಮತ್ತೆ ಕೊಳ್ಳಲು ಹೋದರೆ ಬಿಳಿಯೂ ಬಿಳಿಗೆ ಹೊಂದುವುದಿಲ್ಲ. ಮೇಲ್ಭಾಗವನ್ನು ಮೊದಲು ಅಗ್ಗದ ಹತ್ತಿಯಲ್ಲಿ ಹೊಲಿದು ಮೈಮೇಲೆ ಸರಿಪಡಿಸಿಕೊಂಡು, ಆಮೇಲೆ ಅಸಲಿ ಬಟ್ಟೆಗೆ ಕತ್ತರಿ ಹಾಕಬೇಕು. ಸಮಯವಿಲ್ಲವೆಂದು ಈ ಹತ್ತಿಯ ಟ್ರಯಲ್ ಬಿಟ್ಟವರು ಕೊನೆಗೆ ಇನ್ನೂ ಹೆಚ್ಚು ಸಮಯ ಕಳೆದುಕೊಳ್ಳುತ್ತಾರೆ.

ಮನೆಗೆ ಬಂದ ಗೌನನ್ನು ಪ್ಲಾಸ್ಟಿಕ್ ಹೊದಿಕೆಯಿಂದ ತೆಗೆದು, ಎತ್ತರದ ಕೊಕ್ಕೆಗೆ ನೇತುಹಾಕಿ. ಭುಜದ ಪಟ್ಟಿಯಿಂದಲ್ಲ, ಒಳಗೆ ಪಕ್ಕದಲ್ಲಿ ಅದಕ್ಕೆಂದೇ ಹೊಲಿದಿರುವ ರಿಬ್ಬನ್ ಕುಣಿಕೆಗಳಿಂದ. ಜೋಲುವ, ಮಣಿಭಾರದ ಗೌನ್ ಆದರೆ ಹಾಸಿದ ಬೆಡ್‌ಶೀಟಿನ ಮೇಲೆ ಮಲಗಿಸಿಡುವುದೇ ಸರಿ, ನೇತುಹಾಕಿದರೆ ಉದ್ದವಾಗುತ್ತದೆ. ಸುಕ್ಕಿಗೆ ಹಬೆ ಕೊಡುವುದಾದರೆ ಒಳಬದಿಯಿಂದ, ಅದೂ ಕಾಣದ ಮೂಲೆಯಲ್ಲಿ ಒಮ್ಮೆ ಪರೀಕ್ಷಿಸಿ. ರೇಷ್ಮೆ ಸ್ಯಾಟಿನ್ ಮೇಲೆ ಹನಿ ನೀರು ಬಿದ್ದರೂ ಕಲೆ ನಿಲ್ಲುತ್ತದೆ. ಅಂದಿನ ಚೀಲದಲ್ಲಿ ಸೂಜಿಗೆ ಪೋಣಿಸಿಟ್ಟ ಅದೇ ಬಣ್ಣದ ದಾರ, ಏಳೆಂಟು ಸೇಫ್ಟಿ ಪಿನ್, ಬಿಳಿ ಬಟ್ಟೆಯ ಚೂರು. ಬೆನ್ನಿಗೆ ಸಾಲು ಗುಂಡಿ ಇದ್ದರೆ ಅದರಡಿ ಜಿಪ್ ಇದೆಯೋ ನಿಜವಾಗಿಯೂ ಕುಣಿಕೆಗೆ ಸಿಕ್ಕಿಸುವ ಗುಂಡಿಯೋ ಮೊದಲೇ ನೋಡಿಕೊಳ್ಳಿ. ಕುಣಿಕೆಯದ್ದಾದರೆ ಇಪ್ಪತ್ತು ಮೂವತ್ತು ಗುಂಡಿಗೆ ಬೆರಳು ಸೋತುಹೋಗುತ್ತವೆ. ತುದಿಗೆ ಕೊಕ್ಕೆಯಿರುವ ಒಂದು ಸಣ್ಣ ಕ್ರೋಷಾ ಕಡ್ಡಿ ಇಟ್ಟುಕೊಂಡಿದ್ದರೆ ಕುಣಿಕೆಯೊಳಗೆ ತೂರಿಸಿ, ಗುಂಡಿಯ ಕುತ್ತಿಗೆ ಹಿಡಿದು ಎಳೆದರಾಯಿತು, ಕೆಳಗಿನಿಂದ ಶುರು ಮಾಡಿ ಮೇಲಕ್ಕೆ.